ಪಾಳಿ ಎಲೆ

ಅಸಮಪರ್ಣತ್ವ.
ಹಲಗೆಯ ಮೇಲೆ ಬರೆಯುವಾಗ
ಕೊನೆಯ ಒತ್ತಿಗೆ ಸೀಮೆಸುಣ್ಣ ಮುರಿಯಿತು.
ಒಂದೇ ಗೆಣ್ಣು, ಎದುರುಬದುರು ಎರಡೆಲೆ,
ಒಂದು ದೊಡ್ಡದು, ಇನ್ನೊಂದು ಕುಗ್ಗಿದ್ದು,
ಎಂದೆ. ಬರೆದುಕೊಂಡರು ಮೂವತ್ತೊಂದು ಜನ.
ಹೊರಗೆ ಬಳ್ಳಾರಿಯ ಏಪ್ರಿಲ್. ಬೆಳಗ್ಗೆ ಹತ್ತಕ್ಕೇ
ಗುಡ್ಡದ ಬಂಡೆ ಕಾದ ಹಂಚು.

ಮಾದರಿ ತನ್ನಿ ಅಂದದ್ದಕ್ಕೆ
ಯಾರೋ ಕಾಗದದ ಹೂ ತಂದರು, ಯಾರೋ
ಕಾಲೇಜಿನ ಬೇಲಿಯಿಂದಲೇ ಕಿತ್ತ ಲಂಟಾನ.
ಕೌಲ್ ಬಜಾರಿನ ತಸ್ಲೀಮಾ ಮಾತ್ರ
ಹರಿದ ಜೀನ್ಸಿನ ಜೇಬೊಂದರಲ್ಲಿ
ಸುತ್ತಿ ತಂದಿದ್ದಳು ನೆಗ್ಗಿಲ ಬಳ್ಳಿ,
ಬೇರು ಸಮೇತ, ಮುಳ್ಳು ಸಮೇತ.
ವಾಷಿಂಗ್ ಯೂನಿಟ್ ಹಿಂದೆ ಸಿಕ್ತು ಮೇಡಂ,
ನೀಲಿ ನೀರು ಹರಿಯೋ ಮೋರಿ ದಂಡೀಗೆ.
ಬೇರಿಗೂ ನೀಲಿ ಹತ್ತಿತ್ತು.
ಅವಳ ಉಗುರಿಗೂ.

ಸ್ಕೇಲು ಕೊಡಹೋದೆ. ಬೇಡವೆಂದು
ಕೊರಳಿಂದ ತೆಗೆದಳು ಟೇಪು,
ಅಂಚು ಸವೆದು ಏಳನೇ ಇಂಚು ಅಳಿಸಿಹೋದ
ಅವಳಮ್ಮ ಮಾಬುನ್ನಿಯ ಟೇಪು.
ಗಿಡಕ್ಕಾದ್ರೆ ಅರ್ಧ ಇಂಚು ಹೆಚ್ಚುಕಮ್ಮಿ ನಡೀತದೆ,
ನಮ್ಮಲ್ಲಿ ಎರಡು ಕಾಲು ದಾರದಷ್ಟು ತಪ್ಪಿದ್ರೂ
ಪೀಸು ವಾಪಸ್, ಕೂಲಿ ಕಟ್,
ಎಂದು ನಕ್ಕು
ಮಂಡಿಯ ಮೇಲೆ ಬಳ್ಳಿ ಹರವಿಕೊಂಡಳು.

ಆಮೇಲೆ ಒಂದು ತಾಸು ಅವಳ ಸದ್ದಿಲ್ಲ.
ಹುಡುಗರ ಸೂಕ್ಷ್ಮದರ್ಶಕ ಸರಿಮಾಡುತ್ತ,
ಯಾರದೋ ಬ್ಲೇಡು ತಾಗಿದ ಬೆರಳಿಗೆ ಹತ್ತಿ ಒತ್ತುತ್ತ
ನಾನೂ ಅವಳನ್ನು ಮರೆತಿದ್ದೆ.

ಮೇಡಂ, ಇದು ಕುಗ್ಗಿದ್ದಲ್ಲ.

ನೋಡ್ರಿ, ಮೊದಲ ಗೆಣ್ಣಿಗೆ ಎಡಗಡೆ ದೊಡ್ಡದು.
ಎರಡನೇದಕ್ಕೆ ಬಲಗಡೆ. ಮೂರನೇದಕ್ಕೆ ಮತ್ತೆ ಎಡ.
ಹದಿನಾರು ಗೆಣ್ಣು ಎಣಿಸೀನಿ,
ಒಂದೂ ತಪ್ಪಿಲ್ಲ.
ಪಾಳಿ ಮೇಡಂ ಇದು. ಪಾಳಿ ಮಾಡ್ತಾವೆ.

ಇಪ್ಪತ್ತೆರಡು ವರ್ಷ ಪಾಠ ಮಾಡಿದ್ದೇನೆ.
ಒಂದು ಗೆಣ್ಣು ಕತ್ತರಿಸು, ಹಾಳೆಗೆ ಅಂಟಿಸು,
ದೊಡ್ಡದಕ್ಕೊಂದು ಬಾಣ, ಚಿಕ್ಕದಕ್ಕೊಂದು ಬಾಣ.
ಇಡೀ ಬಳ್ಳಿಯ ಉದ್ದಕ್ಕೆ
ಬೆರಳಾಡಿಸಿ ನೋಡಿರಲಿಲ್ಲ.
ಮುಳ್ಳಿದೆಯಲ್ಲ.

ಅವರ ಮನೆಯಲ್ಲಿ ಮಿಷನ್ನು ಒಂದೇ.
ಹಗಲು ಮಾಬುನ್ನಿ ಝಿಪ್ಪು ಕೂರಿಸುತ್ತಾಳೆ.
ಸಂಜೆ ಏಳಕ್ಕೆ, ಸ್ಟೂಲಿನ ಬಿಸಿ ಆರುವ ಮೊದಲೇ,
ಮಗಳು ಕೂತು ಬೆಲ್ಟಿನ ಲೂಪು ಹೊಲಿಯುತ್ತಾಳೆ.
ಪರೀಕ್ಷೆ ಬಂದರೆ ಅಮ್ಮನ ಪಾಳಿ ಉದ್ದ,
ಅಮ್ಮನ ಸೊಂಟ ಹಿಡಿದರೆ ಮಗಳದು.
ಅವಳು ಹೇಳಿದ್ದಲ್ಲ ಇದು. ಒಮ್ಮೆ
ಹಾಜರಿ ಯಾಕೆ ಕಮ್ಮಿ ಎಂದು ಗದರಲು ಹೋಗಿ
ಬಾಗಿಲಲ್ಲೇ ನಿಂತು ನಾನು ಕಂಡದ್ದು.
ಗದರಲಿಲ್ಲ. ಚಹಾ ಕುಡಿದು ಬಂದೆ.

ಪ್ರಾಯೋಗಿಕ ಪರೀಕ್ಷೆಗೆ ಹೊರಗಿಂದ ಬಂದವರು
ಅವಳ ಉತ್ತರಕ್ಕೆ ಕನ್ನಡಕ ಏರಿಸಿದರು.
ಪಾಳಿ ಎಲೆ ಅಂತ ಬರೆದಿದ್ದಾಳೆ, ಇದ್ಯಾವ ಪದ?
ಪುಸ್ತಕದಲ್ಲಿಲ್ಲ, ಎಂದೆ.
ಗಿಡದಲ್ಲಿದೆ, ಎನ್ನಬೇಕಿತ್ತು;
ಮಾತು ಹಲ್ಲಿನ ಹಿಂದೇ ನಿಂತಿತು.
ಎರಡಕ್ಕೆ ಒಂದು ಅಂಕ ಬಿತ್ತು.
ಆ ಒಂದು ಕೊಟ್ಟದ್ದೋ, ಕಳೆದದ್ದೋ,
ನನಗಿನ್ನೂ ಬಗೆಹರಿದಿಲ್ಲ.

ಈಗ ಬಸ್ಸಿಗೆ ನಡೆಯುವಾಗ
ಚಪ್ಪಲಿಗೆ ನೆಗ್ಗಿಲು ನಾಟಿದರೆ
ಗೋಡೆ ಹಿಡಿದು, ಒಂಟಿಕಾಲಲ್ಲಿ ನಿಂತು ಕೀಳುತ್ತೇನೆ.
ಹಾಗೇ ಬಗ್ಗಿ ಅದರ ಬಳ್ಳಿ ಹುಡುಕುತ್ತೇನೆ,
ದಾರಿಹೋಕರು ಏನು ಬಿದ್ದಿತಮ್ಮ ಎಂದು ಕೇಳಿದರೂ
ಸೀರೆಯ ನೆರಿಗೆ ಮಣ್ಣಿಗೆ ಬಿಟ್ಟು.
ಎಡ. ಬಲ. ಎಡ.
ಅದಿರಿನ ಲಾರಿಯೊಂದು ಹಾದುಹೋಗುತ್ತದೆ,
ಕೆಂಧೂಳಿಗೆ ಕಣ್ಣು ಮುಚ್ಚಿ ತೆರೆವಷ್ಟರಲ್ಲಿ
ಎಷ್ಟನೇ ಗೆಣ್ಣೆಂಬುದೇ ತಪ್ಪಿಹೋಗಿ
ಮತ್ತೆ ಬುಡದಿಂದ ಶುರುಮಾಡುತ್ತೇನೆ.