ಹೊರಗೆ ಕೈ ಹಾಕಬಾರದು

ಮೊದಲು ಗೊತ್ತಾಗುವುದು ಅಡುಗೆಮನೆಗೆ.
ಆಗಷ್ಟೇ ರುಬ್ಬಿಟ್ಟ ಹಿಟ್ಟು ಉಬ್ಬಿ
ಮುಚ್ಚಳ ಎತ್ತಿ ಇಣುಕುತ್ತದೆ.
ಬೆಂಗ್ರೆಯ ಅಷ್ಟೂ ಮನೆಗಳಲ್ಲಿ ಒಮ್ಮೆಲೇ
ಹುಳಿವಾಸನೆ.
ಆಮೇಲೆ ಬಂದರಿನ ಕಡೆಯಿಂದ ಸೈರನ್,
ಆಮೇಲೆ ಹೊತ್ತುಕಾವಲು ಕಚೇರಿಯ ಕೆಂಪು ಬಾವುಟ.
ಕಚೇರಿ ಯಾವತ್ತೂ ಆಮೇಲೆ.
ಅವರ ಕಡತದಲ್ಲಿ ಅದಕ್ಕೊಂದು ಉದ್ದದ ಹೆಸರುಂಟು.
ನಾವು ಕರೆಯುವುದು ಹುಳಿಹೊತ್ತು.

ಎರಡು ನದಿ ಕೂಡಿ ಕಡಲಿಗೆ ಬೀಳುವ ಅಳಿವೆಯಲ್ಲಿ
ನಕಾಶೆಯಲ್ಲಿಲ್ಲದ ಮೂರನೆಯದೂ ಒಂದು ಸೇರುತ್ತದೆ:
ನೀರಿನ ಮೇಲೆ ಡೀಸೆಲ್ ಚೆಲ್ಲಿದಂಥ ಮಿರುಗು, ಅಷ್ಟೆ.
ಅದನ್ನು ಹೊಕ್ಕ ಕಾಗೆ
ಈಚೆ ಬರುವಾಗ ಬರೀ ಗರಿ.
ಹೋದ ಮಳೆಗಾಲ ಯಾರೋ ಎಸೆದ ಐಸಿನ ತುಂಡು
ಇನ್ನೂ ಅಲ್ಲೇ ತೇಲುತ್ತಿದೆ,
ಕರಗಲು ಪುರುಸೊತ್ತಿಲ್ಲದೆ.

ಆಚೆ ದಡಕ್ಕೆ ಏಳು ನಿಮಿಷ, ಹತ್ತು ರೂಪಾಯಿ.
ಟಿಕೆಟು ಹರಿಯುವವಳು ನಾನು, ಯಮುನಾ.
ದೋಣಿ ನಡೆಸುವವನು ಲೋಕು ತಿಂಗಳಾಯ.
ಚುಕ್ಕಾಣಿಯ ಮೇಲಿನ ಹಲಗೆಯಲ್ಲಿ ಹಳದಿ ಪೇಂಟು:
ದೋಣಿ ನಿಲ್ಲುವ ಮೊದಲು ಇಳಿಯಬಾರದು.
ಮೀನಿನ ಬುಟ್ಟಿಗೆ ಬೇರೆ ಚಾರ್ಜು.
ಹೊರಗೆ ಕೈ ಹಾಕಬಾರದು.

ಲೋಕು ಅದನ್ನು ಓದಿರಲಿಲ್ಲವೆಂದಲ್ಲ,
ಬರೆದವನೇ ಅವನು.
ಆ ಸೋಮವಾರ ಶಾಲೆ ಮಕ್ಕಳ ಟ್ರಿಪ್ಪು.
ನಡುಹೊಳೆಯಲ್ಲಿ ಮಿರುಗು ಎದ್ದಿತು.
ಒಂದು ಚೀಲ ಜಾರಿತು,
ಚೀಲದ ಹಿಂದೆ ಹುಡುಗಿ,
ಹುಡುಗಿಯ ಹಿಂದೆ ಇವನ ಎಡಗೈ,
ಮೊಣಕೈಯವರೆಗೆ.
ಎಣಿಸಿದರೆ ಮೂರು ಸೆಕೆಂಡು.

ಹುಡುಗಿಗೆ ಏನೂ ಆಗಲಿಲ್ಲ,
ಜಡೆಯ ತುದಿ ಮಾತ್ರ ಬೆಳ್ಳಗೆ.
ಇವನ ಕೈಗೆ ನಲವತ್ತು ವರ್ಷ ಕಳೆದಿತ್ತು.

ಈಗ ಲೋಕುವಿಗೆ ಇಪ್ಪತ್ತೊಂಬತ್ತು,
ಎಡಗೈಗೆ ಹತ್ತಿರ ಹತ್ತಿರ ಎಪ್ಪತ್ತು.
ವೆನ್ಲಾಕಿನ ಡಾಕ್ಟರು ತಿರುಗಿಸಿ ಮುರುಗಿಸಿ ನೋಡಿ
ಕೈಗೆ ಸಂಧಿವಾತ, ಆಳಿಗೆ ಎಂತದೂ ಇಲ್ಲ, ಅಂದರು.
ಒಂದು ಕೈಗೆ ಮಾತ್ರ ವೃದ್ಧಾಪ್ಯ ವೇತನ
ಮಂಜೂರು ಮಾಡಲು ಅವಕಾಶವಿರುವುದಿಲ್ಲ
ಎಂದು ಕಚೇರಿಯಿಂದ ಕಾಗದ ಬಂತು.
ಲೋಕು ನಕ್ಕ:
"ಮನೆತನದ ಹೆಸರಲ್ಲಿ ಬರೀ ತಿಂಗಳಾಯ್ತು ಮಾರಾಯ್ತಿ,
ಕೈ ನೋಡು, ವರ್ಷವೇ ಮಾಡಿಕೊಂಡು ಬಂತು."

ನಾನು ನಗಲಿಲ್ಲ. ನಾನು ಆ ಕೈ ನೋಡುತ್ತೇನೆ.
ಹೆಬ್ಬೆರಳ ಬುಡದಲ್ಲಿ ಗಾಳ ಕಿತ್ತ ಕಲೆ,
ಆ ಗಾಯ ಅವನಿಗೆ ಇನ್ನೂ ಆಗಿಲ್ಲ.
ಉಂಗುರ ಕಾಣದ ಬೆರಳಿಗೆ
ಉಂಗುರ ಸವೆದ ಗೆರೆ.
ಮಲಗಿದಾಗ ಅದು ಒಂದೇ ಎಚ್ಚರಾಗಿ
ಚಾಪೆಯ ಆ ಬದಿ ತಡವುತ್ತದಂತೆ.
ಬರೀ ಚಾಪೆ, ಅಂದ. ಬೇರೆ ಎಂತ ಇರ್ತದೆ?

ನಿನ್ನೆ ಕಡೆಯ ಟ್ರಿಪ್ಪು ಮುಗಿದು
ಚಿಲ್ಲರೆ ಲೆಕ್ಕ ಒಪ್ಪಿಸುವಾಗ
ಬಲಗೈಯಲ್ಲಿ ಹಗ್ಗ, ಹಾಗಾಗಿ ಎಡಗೈ ಚಾಚಿದ.
ಚಾಚಿ, ಮುಖ ಅತ್ತ ತಿರುಗಿಸಿ
ಯಾರಿಗೋ ಲಂಗರು ಬಿಡಲು ಕೂಗುತ್ತಿದ್ದ.

ಕೈ ದುಡ್ಡು ತಗೊಳ್ಳಲಿಲ್ಲ.
ನನ್ನ ಬೆರಳುಗಳನ್ನು ಒಂದೊಂದಾಗಿ ಮಡಚಿ
ನಾಣ್ಯಗಳ ಮೇಲೆ ಮುಚ್ಚಿತು.
ಎರಡು ಸಲ ತಟ್ಟಿತು,
ಕತ್ತಲಲ್ಲಿ ಪಕ್ಕದವರಿಗೆ
ಮಲಗು ಮಲಗು ಅನ್ನುವ ಹಾಗೆ.
ಆಮೇಲೆ ಮೆಲ್ಲಗೆ ಮಣಿಕಟ್ಟಿಗೆ ಇಳಿದು
ನಾಡಿ ಹುಡುಕಿತು.
ಸಿಕ್ಕಿದಾಗ
ಬೆಚ್ಚಿಬಿತ್ತು.

"ಎಷ್ಟಾಯ್ತು?" ಎಂದ ಲೋಕು, ಈಚೆ ತಿರುಗಿ.
ನಾನೂರ ಮೂವತ್ತು ಅಂದೆ. ಲೆಕ್ಕ ತಪ್ಪಿತ್ತು.

ರಾತ್ರಿ ಹಿಟ್ಟು ರುಬ್ಬಿ,
ಮುಚ್ಚಳ ಹಾಕಿ, ಮೇಲೊಂದು ಕಲ್ಲಿಟ್ಟು,
ಪಾತ್ರೆಯ ಪಕ್ಕ ನೆಲದಲ್ಲೇ ಕೂತಿದ್ದೇನೆ.
ಎಂತ ಅವಸರ, ಮಾರಾಯ.
ನಿಧಾನ. ನಿಧಾನ.
ಬೆಳಗಾಗಲು ಇನ್ನೂ ಹೊತ್ತುಂಟು.