ಪೋಷಕರ ಸಹಿ

ಶಹಾಬಾದಿನ ಸ್ಟೇಷನ್ ಹಿಂದಿನ ಗಲ್ಲಿಯಲ್ಲಿ
ನಮ್ಮದೊಂದು ರಾತ್ರಿ ಓದುಮನೆ.
ಹದಿನಾಲ್ಕು ಕುರ್ಚಿ, ಎರಡು ಫ್ಯಾನು:
ಒಂದು ತಿರುಗುತ್ತದೆ,
ಇನ್ನೊಂದು ತಿರುಗಿದಂತೆ ಸದ್ದು ಮಾಡುತ್ತದೆ.
ಹೋದ ಸಲದ ಪೊಲೀಸ್ ಪರೀಕ್ಷೆಯ ಪ್ರಶ್ನೆಪತ್ರಿಕೆಗಳ ಕಟ್ಟು.

ಕಲಬುರಗಿಯ ಕಚೇರಿಯಲ್ಲಿ ಗುಮಾಸ್ತ ಬೆರಳಿಟ್ಟು ತೋರಿಸಿದ:
ಅಧ್ಯಕ್ಷರಿದ್ದಾರೆ, ಖಜಾಂಚಿ ಇದ್ದಾರೆ,
ಮಹಾಪೋಷಕರು?
ಈ ಗೆರೆ ಖಾಲಿ ಬಿಡುವಂತಿಲ್ಲ.

ಖಾಲಿ ಗೆರೆ ಹಿಡಿದು ಊರು ಸುತ್ತಿದೆ.
ಗುತ್ತೇದಾರರು, ಫೋಟೊ ಎಷ್ಟು ದೊಡ್ಡದು ಹಾಕುತ್ತೀರಿ ಅಂದರು.
ಮತ್ತೊಬ್ಬರು ಚಹಾ ಕುಡಿಸಿ, ಚುನಾವಣೆ ಮುಗಿಯಲಿ ಅಂದರು.
ಕೊನೆಗೆ ಫರಸಿ ಪಾಲಿಶಿನ ರಾಚಮ್ಮ ದಂಡೋತಿ,
ಹುಬ್ಬಿನ ಮೇಲೂ ಕಲ್ಲಿನ ಪುಡಿ,
ಮಷೀನು ಬಂದ್ ಮಾಡಿ ಕೇಳಿದಳು:

"ಸಾಲಿ ಫಾರ್ಮಿನ್ಯಾಗ ಪೋಷಕರ ಸಹಿ ಅಂತಿರ್ತದ.
ಮೂರು ಮಕ್ಕಳಿಗಿ ಅಲ್ಲೇ ಹೆಬ್ಬಟ್ಟು ಒತ್ತೀನಿ.
ಇದೂ ಅದೇ ಏನ್ರಿ ಮಾಸ್ತರ?"

ಅಲ್ಲ ರಾಚಮ್ಮ, ಅದು ತಂದೆ ತಾಯಿ.
ಇವರು ದೊಡ್ಡವರು, ವರ್ಷಕ್ಕೊಮ್ಮೆ ರೊಕ್ಕ ಕೊಟ್ಟು
ಶಾಲು ಹೊದ್ದು ಸ್ಟೇಜಿನ ಮೇಲೆ...
ಎನ್ನುವಷ್ಟರಲ್ಲಿ ನನಗೇ ನಾಲಿಗೆ ತಡವರಿಸಿತು.

"ಶಬ್ದ ಒಂದೇ ಅದ. ಕೆಲಸ ಎರಡು ಹ್ಯಾಂಗಾಯ್ತು?"
ಒತ್ತಿದಳು.

ಗುಮಾಸ್ತ ಕಾಗದ ಹಿಂದಕ್ಕೆ ತಳ್ಳಿದ.
ಇದು ಹೆಬ್ಬಟ್ಟಲ್ಲ, ಮಸಿ ಚೆಲ್ಲಿದ್ದು, ಗೆರೆಗಳೇ ಇಲ್ಲ.
ಇಪ್ಪತ್ತೆರಡು ವರ್ಷ ಕಲ್ಲು ನುಣುಪು ಮಾಡಿದ ಕೈಯನ್ನು
ಕಲ್ಲೂ ಅಷ್ಟೇ ಶ್ರದ್ಧೆಯಿಂದ ನುಣುಪು ಮಾಡಿತ್ತು.
ಫೈಲು ಇನ್ನೂ ಅಲ್ಲೇ ಇದೆ.

ಆಕೆ ಮಾತ್ರ ಕಾಯಲಿಲ್ಲ.
ಅಳತೆ ತಪ್ಪಿದ ಫರಸಿ ಟ್ರ್ಯಾಕ್ಟರಿನಲ್ಲಿ ತಂದಿಳಿಸಿ
ನೆಲ ಹಾಸಿಸಿದಳು.
ಮರುವಾರದಿಂದ ಹಾಜರಿ:
"ಶಿವಲೀಲಾ ಎರಡು ದಿನ ಯಾಕ ಬಂದಿಲ್ಲ?
ಎಂಬತ್ತು ರೂಪಾಯಿ ಬಲ್ಬು, ನೂರಾಹತ್ತು ಯಾಕ ಬರದೀರಿ?"
ನನಗೆ ಸಿಟ್ಟು ಬಂತು, ಖರೇ ಹೇಳುತ್ತೇನೆ.
ರೊಕ್ಕ ಕೊಟ್ಟು ಸುಮ್ಮನಿರುವವರೇ ವಾಸಿ ಅನ್ನಿಸಿತು.
ಕಸ ಹೊಡೆಯಲಿಲ್ಲವೆಂದು ಒಮ್ಮೆ
ಬಾಗಿಲಿಗೆ ಬೀಗ ಜಡಿದು ಹೋದಳು.
ಹುಡುಗರು ಕೀಲಿಗಾಗಿ ಅವಳ ಮನೆಗೆ ಹೋಗಿ
ರೊಟ್ಟಿ ಉಂಡು ಬಂದರು.

ಈಗ ಮೇ. ರಾತ್ರಿ ಒಂಬತ್ತಕ್ಕೂ ಗೋಡೆ ಕಾದ ಹಂಚು.
ಕುರ್ಚಿ ಬಿಟ್ಟು ಎಲ್ಲರೂ ನೆಲದ ಮೇಲೆ
ಬೋರಲು ಮಲಗಿ ಓದುತ್ತಾರೆ.
ಮೂಲೆಯ ಫರಸಿಯಲ್ಲಿ ಯಾರದೋ ಅಂಗಡಿಯ ಹೆಸರು
ಅರ್ಧ ಕೆತ್ತಿ ಬಿಟ್ಟದ್ದು ಹಾಗೇ ಇದೆ.
ತಿರುವಿ ಹಾಕಿ ನಿಮ್ಮ ಹೆಸರು ಕೆತ್ತಿಸೋಣವೇ ಅಂದೆ.

"ಇರಲಿ ಬಿಡ್ರಿ," ಅಂದಳು,
"ಕಾಲಿಗೇನು ಓದಲಿಕ್ಕ ಬರ್ತದಾ,
ನನ್ನಂಗೇ."