ಬೋರಲು ಪುಸ್ತಕ

ಸರಸ್ವತಿಪುರಂ, ಜೆರಾಕ್ಸ್ ಅಂಗಡಿ.
ಒಂಬತ್ತು ವರ್ಷದಿಂದ ಇಲ್ಲಿ
ಕಂಪ್ಯೂಟರ್ ಪುಸ್ತಕಗಳನ್ನು ಬೋರಲು ಮಲಗಿಸುತ್ತಿದ್ದೇನೆ.
ಮುಖ ಗಾಜಿಗೆ, ಬೆನ್ನು ನನಗೆ.
ಹಸಿರು ಬೆಳಕು ಅಡಿಯಲ್ಲಿ ಒಮ್ಮೆ ಸರಿದು ಹೋಗುತ್ತದೆ.
ಎತ್ತಿ, ಹಾಳೆ ಮಗುಚಿ, ಮತ್ತೆ ಒತ್ತುವ
ಆ ಒಂದು ಉಸಿರಿನಲ್ಲಿ
ಕಣ್ಣಿಗೆ ಬಿದ್ದಷ್ಟೇ ನನ್ನ ಓದು.

ಪಿಯುಸಿಯಲ್ಲಿ ಗಣಿತಕ್ಕೆ ತೊಂಬತ್ತೊಂದು.
ಅದನ್ನು ಯಾರೂ ಕೇಳುವುದಿಲ್ಲ, ನಾನೂ ಹೇಳುವುದಿಲ್ಲ.

"ಇಂಪಾರ್ಟೆಂಟ್ ಅಷ್ಟೇ ಸಾಕು ಅಕ್ಕಾ" ಅನ್ನುತ್ತಾರೆ.
ನೂರ ಹನ್ನೆರಡರಿಂದ ನೂರ ಹತ್ತೊಂಬತ್ತು,
ಆಮೇಲೆ ಒಂದೇ ನೆಗೆತಕ್ಕೆ ಇನ್ನೂರ ನಾಲ್ಕು.
ಹಾಗಾಗಿ ಗ್ರಾಫ್ ಅಂದರೆ ಏನೆಂದು ಬಲ್ಲೆ,
ಅದರೊಳಗೆ ಹತ್ತಿರದ ದಾರಿ ಹುಡುಕುವುದು ತಿಳಿಯದು,
ಆ ಪಾಠದಿಂದ ಪ್ರಶ್ನೆ ಬೀಳುವುದಿಲ್ಲವಂತೆ.
ಎಷ್ಟೋ ಪ್ರಮೇಯಗಳ "ಹೀಗಿದೆ ಎಂದುಕೊಳ್ಳೋಣ" ಬಾಯಿಪಾಠ,
"ಆದ್ದರಿಂದ" ಮಾತ್ರ ಮುಂದಿನ ಹಾಳೆಯಲ್ಲಿ ಉಳಿಯಿತು.
ತನ್ನನ್ನೇ ತಾನು ಕರೆಯುತ್ತಾ ಒಳಗಿಳಿಯುವ ಕೆಲಸಕ್ಕೆ
ಎಲ್ಲೋ ಒಂದು ಕಡೆ ನಿಲ್ಲುವ ಮೆಟ್ಟಿಲಿರಬೇಕು ಎಂದಿತ್ತು,
ಆ ಮೆಟ್ಟಿಲಿದ್ದ ಪುಟಕ್ಕೆ ಟೋನರ್ ಮುಗಿಯಿತು.

ಒಂದು ಬುಧವಾರ ಫರ್ಹೀನ್ ಬಂದಳು,
ಲೈಬ್ರರಿಯ ಪುಸ್ತಕ, ನಲವತ್ತು ಸೆಟ್ಟು,
ಸ್ಪೈರಲ್ ಬೇಡ, ಮೂಲೆಗೆ ಪಿನ್ನು ಸಾಕು.
ಮೂರನೇ ಹಾಳೆಗೆ ಮೆಷಿನ್ನು ಕಚ್ಚಿಕೊಂಡಿತು.
ಮಹದೇವಪ್ರಸಾದರು ಮುಚ್ಚಳ ಬಿಚ್ಚಿ, ಬೈಯುತ್ತಾ,
ಚೂರು ಚೂರಾಗಿ ಕಾಗದ ಎಳೆಯುವಷ್ಟು ಹೊತ್ತು
ಪುಸ್ತಕ ನನ್ನ ಕೈಯಲ್ಲಿ, ಅಂಗಾತ.

ಪಕ್ಕದವನ ಜೊತೆ ಹೋಲಿಸು,
ನೀನೇ ದೊಡ್ಡವನಾದರೆ ಜಾಗ ಬದಲಿಸು.
ಸುಲಭ. ಸ್ಕೂಲಿನ ಪ್ರಾರ್ಥನೆಗೆ ಹೀಗೇ ನಿಲ್ಲಿಸುತ್ತಿದ್ದರು.
ಒಂದರಿಂದ ಎನ್ ತನಕ ಹೀಗೆ ಮಾಡು, ಎಂದು ಅಚ್ಚಾಗಿತ್ತು.

ಎನ್ ತನಕವೇ?

ನಾನು ದಿನಾ ಬರುವ ರೈಲು:
ಪಾಂಡವಪುರ, ಶ್ರೀರಂಗಪಟ್ಟಣ, ನಾಗನಹಳ್ಳಿ, ಮೈಸೂರು.
ಊರು ನಾಲ್ಕು, ಊರೂರ ನಡುವಿನ ದಾರಿ ಮೂರು.
ಮೈಸೂರಲ್ಲಿ ಇಳಿದ ಮೇಲೆ
ಮುಂದಿನ ಸ್ಟೇಷನ್ ಯಾವುದೆಂದು ಯಾರನ್ನು ಕೇಳಲಿ?
ಕೊನೆಯವನಿಗೆ ಪಕ್ಕದವನಿಲ್ಲ ಕಣಪ್ಪಾ.
ಬೆರಳು ಮಡಿಚಿ ನೋಡಿದೆ. ಮತ್ತೊಮ್ಮೆ ಮಡಿಚಿದೆ.
ದಪ್ಪ ರಟ್ಟು, ಏಳನೇ ಮುದ್ರಣ,
ಹಿಂಬದಿಯಲ್ಲಿ ಟೈ ಕಟ್ಟಿದ ಇಬ್ಬರ ಫೋಟೋ.
ನಾನೇ ತಪ್ಪಿರಬೇಕು ಎಂದುಕೊಂಡು
ಮೂರನೇ ಸಲ ಮಡಿಚಿದೆ.

ಪೆನ್ಸಿಲ್ ತೆಗೆದೆ.
ಎನ್ ಪಕ್ಕ, ಅಳಿಸಿದರೆ ಅಳಿಯುವಷ್ಟು ತೆಳ್ಳಗೆ,
ಒಂದು ಅಡ್ಡಗೆರೆ, ಒಂದು ಒಂದು.
ಅಷ್ಟರಲ್ಲಿ ಮೆಷಿನ್ನು ಗುರ್ರೆಂದಿತು.
ಬೋರಲು ಮಲಗಿಸಿ ನಲವತ್ತು ಒತ್ತಿದೆ.

ಅಚ್ಚಿನ ಮಸಿ, ನನ್ನ ಸೀಸ,
ಗಾಜು ಭೇದ ಮಾಡಲಿಲ್ಲ.
ನಲವತ್ತರಲ್ಲೂ ಎರಡೂ ಒಂದೇ ಕಪ್ಪು.
ಲೈಬ್ರರಿಯದಲ್ಲವೇ, ಮೂಲದ್ದನ್ನು ರಬ್ಬರಿನಲ್ಲಿ ಉಜ್ಜಿ
ಊದಿ ಕೊಟ್ಟೆ. ಅದರಲ್ಲಿ ತಪ್ಪು ಇನ್ನೂ ಕ್ಷೇಮ.

ಮೂರು ವಾರ ಬಿಟ್ಟು ಫರ್ಹೀನ್ ಮತ್ತೆ ಬಂದಳು.
"ಅಕ್ಕಾ, ಸರ್ ಕೇಳಿದರು, ಇದು ಯಾವ ಎಡಿಷನ್ ಅಂತ.
ಅವರ ಪುಸ್ತಕದಲ್ಲಿ ಬೇರೆ ಥರ ಇದೆಯಂತೆ."
ನಾನು ಪಿನ್ನಿನ ಡಬ್ಬಿಯಲ್ಲಿ ಏನನ್ನೋ ಹುಡುಕಿದೆ.
ಮೆಷಿನ್ನು ಬಿಸಿಯಾದರೆ ಹಾಗೆಲ್ಲ ಬೀಳುತ್ತೆ, ಎಂದೆ.
ಅವಳು ಮೆಷಿನ್ನನ್ನೂ ನೋಡಿದಳು, ನನ್ನ ಕಿವಿಯ ಮೇಲಿನ
ಪೆನ್ಸಿಲನ್ನೂ.
"ಹಾಗಾದರೆ ಮುಂದಿನ ಪಾಠವನ್ನೂ
ಬಿಸಿಯಾದ ಮೇಲೇ ತೆಗೆಯಿರಿ."

ಮುಂದಿನ ಪಾಠ ಗ್ರಾಫು, ದಾರಿ ಹುಡುಕುವುದು.
ನಲವತ್ತು ಅವಳಿಗೆ.
ಇನ್ನೊಂದಕ್ಕೆ ಹದಿನೆಂಟು ಹಾಳೆ, ಇಪ್ಪತ್ತೇಳು ರೂಪಾಯಿ,
ನನ್ನ ಪರ್ಸಿನಿಂದ ಗಲ್ಲಾಕ್ಕೆ ಹಾಕಿದೆ.

ಸಂಜೆಯ ಗಾಡಿಯಲ್ಲಿ ಕಿಟಕಿ ಸಿಕ್ಕಿತು.
ಮೊದಲ ಹಾಳೆಯಿಂದ, ಒಂದನ್ನೂ ಹಾರಿಸದೆ.
ನಾಗನಹಳ್ಳಿ ದಾಟಿತು,
ನಾನಿನ್ನೂ ಮೂರನೇ ಸಾಲಿನಲ್ಲೇ ಇದ್ದೆ.